ಬೆಂಗಳೂರಲ್ಲೇ ಯಾಕೆ ಇರಬಾರದು ಅಂತ ಕೇಳುವವರಿಗೆ

"ಬೆಂಗಳೂರಲ್ಲೇ ಒಂದು ರೂಮ್ ಮಾಡ್ಕೋಬಾರದಾ? ದಿನಾ ತುಮಕೂರಿಂದ ಯಾಕೆ ಒದ್ದಾಡ್ತೀಯ?" ಮದುವೆ, ಗೃಹಪ್ರವೇಶ, ತಿಥಿ, ಎಲ್ಲಿ ಹೋದರೂ ಇದೇ. ಅದರಲ್ಲೂ ಆ 'ಒದ್ದಾಡ್ತೀಯ' ಇದೆಯಲ್ಲ, ಮೈ ಉರಿಯುತ್ತೆ. ಇನ್ನು ಬಾಯಲ್ಲಿ ಹೇಳೋದಿಲ್ಲ, ಓದಿಕೊಳ್ಳಿ.

ರೂಮ್ ಮಾಡಿದ್ದೆ ಸ್ವಾಮಿ. 70 ಕಿಲೋಮೀಟರ್ ಓಡಾಟ ಉಳಿಯಲಿ ಅಂತ ಪೀಣ್ಯದ ಹತ್ತಿರ ಪಿಜಿಯಲ್ಲಿದ್ದೆ. ಮೂರು ಮಂಚ, ಮೂವರಿಗೂ ಬೇರೆ ಬೇರೆ ಶಿಫ್ಟು. ಒಬ್ಬನನ್ನು ಮಲಗಿದ್ದಾಗ ಮಾತ್ರ ನೋಡಿದ್ದೇನೆ. ಎದ್ದು ನಿಂತರೆ ಎಷ್ಟು ಎತ್ತರವೋ ಇವತ್ತಿಗೂ ಗೊತ್ತಿಲ್ಲ.

ಒಂದು ರಾತ್ರಿ ಊಟ ತಂದ ಡೆಲಿವರಿ ಹುಡುಗ ನನ್ನ ಮಾತಿನ ಧಾಟಿ ಕೇಳಿ, "ಅಣ್ಣಾ, ನಮ್ ಕಡೆಯವರಾ?" ಅಂದ. ಪಾವಗಡದವನು. ಅವರ ಹೊಲ ಸೋಲಾರ್ ಪಾರ್ಕಿಗೆ ಹೋಗಿತ್ತು, ಎಕರೆಗೆ ವರ್ಷಕ್ಕೆ 21,000 ರೂಪಾಯಿಯಿಂದ ಶುರುವಾದ ಗುತ್ತಿಗೆ. "ದುಡ್ಡು ಬರುತ್ತಣ್ಣ, ಮಾಡೋಕೆ ಕೆಲಸ ಇಲ್ಲ. ಕಡ್ಲೆಕಾಯಿ ಬಿಡಿಸೋವಾಗ ಊರೆಲ್ಲ ಹೊಲದಲ್ಲೇ ಇರೋದು" ಅಂದ. ಮೆಟ್ಟಿಲ ಮೇಲೇ ನಿಂತು ಮಾತಾಡಿದೆವು. ಅವನ ಮೊಬೈಲು ಮುಂದಿನ ಆರ್ಡರ್‌ಗೆ ಕೂಗಿತು, ಓಡಿದ. ಕವರ್ ಬಿಚ್ಚಿದರೆ ಮುದ್ದೆ ಕಲ್ಲಾಗಿತ್ತು. ಆ ವಾರ ಆಫೀಸಿನ ವಿಷಯ ಬಿಟ್ಟು ನನ್ನ ಜೊತೆ ಮಾತಾಡಿದವನು ಅವನೊಬ್ಬನೇ. ಅವನಿಗೆ ಎಷ್ಟು ಸ್ಟಾರ್ ಅಂತ ಆಪ್ ಕೇಳಿತು.

ಬೆಂಗಳೂರನ್ನ ಬೈತಿಲ್ಲ. ಸಂಬಳ ಕೊಡೋದು ಅದೇ ಊರು. ನಿಮಗೆ ಅಲ್ಲಿ ಜನ ಸಿಕ್ಕಿದ್ದರೆ ಸಂತೋಷ. ನನಗೆ ರಾತ್ರಿ ಹೊತ್ತು ಯಾರೂ ಸಿಗಲಿಲ್ಲ, ಅಷ್ಟೇ.

"ರೈಲಲ್ಲಿ ಜೊತೆಗೆ ಯಾರಿರ್ತಾರೆ?" ಅಂತ ಒಬ್ಬರಾದರೂ ಕೇಳಿದ್ದೀರಾ? ಅವರೆಕಾಯಿ ಕಾಲದಲ್ಲಿ ನಮ್ಮ ಬೋಗಿಗೆ ಬನ್ನಿ. ಬ್ಯಾಂಕಿನ ಮೇಡಂ ಒಬ್ಬರು ಮಡಿಲಲ್ಲಿ ಪೇಪರ್ ಹಾಸಿಕೊಂಡು ಕಾಯಿ ಸುಲಿಯಲು ಕೂರುತ್ತಾರೆ. ಎದುರು ಕೂತವರು ಕೇಳದೇ ಒಂದು ಹಿಡಿ ಎಳೆದುಕೊಳ್ಳುತ್ತಾರೆ. ಬೋಗಿ ತುಂಬ ಸೊಗಡು. ದಾಬಸ್‌ಪೇಟೆ ದಾಟುವಷ್ಟರಲ್ಲಿ ಒಂದು ಹೊತ್ತಿನ ಸಾರಿಗೆ ಕಾಳು ರೆಡಿ. ಅವರ ಮಗಳ ಪಿಯುಸಿ ಮಾರ್ಕ್ಸು ನನಗೆ ಗೊತ್ತು. ಮೇಡಂ ಹೆಸರು ಗೊತ್ತಿಲ್ಲ. ನಿದ್ದೆ ಹತ್ತಿದ್ದರೆ ಕ್ಯಾತ್ಸಂದ್ರದಲ್ಲಿ ಯಾರಾದರೂ ತೋಳು ತಟ್ಟಿ, "ಏಳಿ ಸಾರ್, ಊರು ಬಂತು" ಅಂತಾರೆ.

2018ರಲ್ಲಿ ಬ್ರಿಟನ್ ಸರ್ಕಾರ ಒಂಟಿತನದ ವಿಷಯ ನೋಡಿಕೊಳ್ಳೋಕೆ ಅಂತಲೇ ಒಬ್ಬ ಮಂತ್ರಿಯನ್ನು ನೇಮಿಸಿತು. ನಮಗೆ ಮಂತ್ರಿ ಬೇಡ. ನನ್ನ ಮೇಲೆ ಅಷ್ಟು ಕನಿಕರ ಇದ್ದರೆ ಸಂಜೆ ಗಾಡಿಗೆ ಇನ್ನೆರಡು ಬೋಗಿ ಹಾಕಿಸಿ. ಯಶವಂತಪುರದಲ್ಲಿ ಹತ್ತಿದರೆ ಕಾಲಿಡೋಕೂ ಜಾಗ ಇರೋದಿಲ್ಲ.