ಕ್ಯಾಮೆರಾ ಮೇಲೊಂದು ಕ್ಯಾಮೆರಾ

ಯುದ್ಧ ವರದಿಗಾರಿಕೆ ಹೇಗೆ ನಡೆಯುತ್ತದೆ ಎಂದು ಕೇಳುವ ದಾವಣಗೆರೆಯ ಹುಡುಗರಿಗೆ ನಾನು ಹೇಳುವುದು, ಕ್ರಿಶ್ಚಿಯನ್ ಫ್ರೈ ಅವರ 2001ರ ಸಾಕ್ಷ್ಯಚಿತ್ರ ‘ವಾರ್ ಫೋಟೋಗ್ರಾಫರ್’ ನೋಡಿ ಅಂತ. ಛಾಯಾಗ್ರಾಹಕ ಜೇಮ್ಸ್ ನಾಕ್ಟ್‌ವೇ ಅವರ ಸ್ಟಿಲ್ ಕ್ಯಾಮೆರಾಕ್ಕೇ ಪುಟ್ಟ ವಿಡಿಯೊ ಕ್ಯಾಮೆರಾ ಕೂರಿಸಿದ್ದಾರೆ. ಶಟರ್ ಮೇಲಿನ ಬೆರಳು, ಅದರಾಚೆ ಅಳುತ್ತಿರುವವರು, ಎರಡೂ ಒಂದೇ ಚೌಕಟ್ಟಿನಲ್ಲಿ. ಬೆರಳು ಒತ್ತದೆ ಕಾಯುವ ಗಳಿಗೆಗಳನ್ನು ಗಮನಿಸಿ, ಕಸುಬೆಲ್ಲ ಅಲ್ಲಿದೆ.

ದುಗ್ಗಮ್ಮನ ಜಾತ್ರೆಯಲ್ಲಿ ಇದನ್ನೇ ಮಾಡಿನೋಡಬಹುದು. ಆಕ್ಷನ್ ಕ್ಯಾಮೆರಾ ಅನ್ನುವ ಪುಟ್ಟ ವಿಡಿಯೊ ಕ್ಯಾಮೆರಾವನ್ನು ಹಾಟ್ ಶೂಗೆ, ಅಂದರೆ ಸ್ಟಿಲ್ ಕ್ಯಾಮೆರಾದ ತಲೆಯ ಮೇಲೆ ಫ್ಲಾಶ್ ಕೂರಿಸುವ ಜಾಗಕ್ಕೆ, ನೇರವಾಗಿ ಸಿಕ್ಕಿಸಿದರೆ ಬೆರಳು ಚೌಕಟ್ಟಿನ ಹೊರಗೇ ಉಳಿಯುತ್ತದೆ. ನಡುವೆ ಗಿಡ್ಡ ತೋಳೊಂದನ್ನು (ಕ್ಯಾಮೆರಾ ಹಿಡಿಯುವ ಕಡ್ಡಿ) ಹಾಕಿ ಮೇಲಕ್ಕೆತ್ತಿ, ಮುಂದಕ್ಕೆ ಬಾಗಿಸಿ. ತೋಳು ಉದ್ದವಾದಷ್ಟೂ ಚಿತ್ರ ನಡುಗುತ್ತದೆ. ನೂಕುನುಗ್ಗಲಲ್ಲಿ ಸ್ಕ್ರೂ ಸಡಿಲವಾಗುವುದರಿಂದ ಕತ್ತಿನ ಪಟ್ಟಿಗೆ ಒಂದು ದಾರವನ್ನೂ ಬಿಗಿಯಿರಿ.

ಪುಟ್ಟ ಕ್ಯಾಮೆರಾದಲ್ಲಿ ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಸೆಕೆಂಡ್ ಇಡಿ. ನಮ್ಮ ಕರೆಂಟು 50 ಹರ್ಟ್ಸ್, ಅದರ ಏರಿಳಿತಕ್ಕೆ ಶಟರ್ ಹೊಂದಬೇಕು. 1/60 ಇಟ್ಟರೆ ಟ್ಯೂಬ್‌ಲೈಟಿನ ಕೆಳಗೆ ಚಿತ್ರ ಮಿಣುಕುತ್ತದೆ. ಧ್ವನಿಯನ್ನಂತೂ ಆ ಪುಟ್ಟ ಕ್ಯಾಮೆರಾಕ್ಕೆ ಬಿಡಲೇಬೇಡಿ, ಶಟರಿನ ಕಟಕಟ, ಕೈ ಉಜ್ಜಿದ ಸದ್ದೇ ತುಂಬಿರುತ್ತದೆ. ಕಾಲರ್ ಮೈಕನ್ನು ಬೇರೆ ರೆಕಾರ್ಡರಿಗೆ ಹಾಕಿ, ಶುರುವಿನಲ್ಲಿ ಕ್ಯಾಮೆರಾ ಎದುರು ಒಮ್ಮೆ ಚಪ್ಪಾಳೆ ತಟ್ಟಿ. ಎಡಿಟಿಂಗ್‌ನಲ್ಲಿ ದೃಶ್ಯ, ಧ್ವನಿ ಎರಡನ್ನೂ ಆ ಸದ್ದಿನಿಂದಲೇ ಹೊಂದಿಸಬಹುದು.