ತಲಕಾಡಿನ ಮರಳು, ಅಮ್ಮನ ಹರಕೆ

ಅಮ್ಮನ ಹರಕೆಯೊಂದು ಬಾಕಿ ಇತ್ತು. 2013ರ ಪಂಚಲಿಂಗ ದರ್ಶನಕ್ಕೆ, ಅಂದ್ರೆ ತಲಕಾಡು ಸುತ್ತಿನ ಐದು ಶಿವಾಲಯಗಳ ದರ್ಶನಕ್ಕೆ ಹೋದಾಗ "ಮುಂದಿನ ಸಲಾನೂ ಬರ್ತೀನಪ್ಪಾ" ಅಂತ ವೈದ್ಯನಾಥೇಶ್ವರನಿಗೆ ಮಾತು ಕೊಟ್ಟು ಬಂದಿದ್ದರು. ಆ ಮುಂದಿನ ಸಲ ಬಂದದ್ದು 2020ರ ಡಿಸೆಂಬರ್‌ನಲ್ಲಿ. ಕೊರೊನಾ ಕಾಲ. ಟಿವಿ ಮುಂದೆಯೇ ಕೈ ಮುಗಿದದ್ದಾಯ್ತು. ಕಾರ್ತಿಕ ಸೋಮವಾರದ ಆ ಯೋಗ ಮತ್ತೆ ಕೂಡಿ ಬರಬೇಕು ಅಂದ್ರೆ ವರ್ಷಗಟ್ಟಲೆ ಕಾಯಬೇಕು. "ಅಲ್ಲಿವರೆಗೂ ನನ್ನ ಮಂಡಿ ಕಾಯಲ್ಲ" ಅಂದರು. ಸರಿ, ಒಂದು ಸಾದಾ ಸೋಮವಾರ ಮೈಸೂರಿನಿಂದ ಹೊರಟೇಬಿಟ್ಟೆವು.

ಬರಿಗಾಲಲ್ಲಿ ಆ ಮರಳಿನ ಮೇಲೆ ನಡೆಯುವಾಗ ನನಗೆ ಪ್ರತಿ ಸಲ ಒಂಥರಾ ಸಂಕೋಚ. ಗಂಗರು ರಾಜಧಾನಿ ಮಾಡಿಕೊಂಡಿದ್ದ, ಚೋಳರು ಗೆದ್ದು ರಾಜರಾಜಪುರ ಅಂತ ಹೆಸರಿಟ್ಟ, ಆಮೇಲೆ ವಿಷ್ಣುವರ್ಧನ ಕಿತ್ತುಕೊಂಡು 'ತಲಕಾಡುಗೊಂಡ' ಅಂತ ಬಿರುದು ಹಾಕಿಕೊಂಡು 1117ರಲ್ಲಿ ಕೀರ್ತಿನಾರಾಯಣನನ್ನು ನಿಲ್ಲಿಸಿದ ಊರು ಕಾಲಡಿಯೇ ಇದೆ, ನಾವು ಅದರ ಸೂರಿನ ಮೇಲೆ ನಡೀತಾ ಇದ್ದೀವಿ, ಅಲ್ವಾ? ಪಾತಾಳೇಶ್ವರನ ಮೆಟ್ಟಿಲು ಇಳಿದರೆ ಗೊತ್ತಾಗುತ್ತೆ. ಮೇಲೆ ಬಿಸಿಲು, ಕೆಳಗೆ ತಂಪು. ಸುತ್ತ ಮರಳು.

ವಿಜಯನಗರದ ಕಾಲದಲ್ಲಿ ಮಾಧವಮಂತ್ರಿ ಅಣೆಕಟ್ಟೆ ಕಟ್ಟಿದ ಮೇಲೆ ಕಾವೇರಿ ಹೊಳೆಯ ಪಾತ್ರ ಒಣಗಿ, ಗಾಳಿ ಆ ಮರಳನ್ನು ಊರಿನ ಮೇಲೆ ತಂದು ಸುರಿಯಿತು ಅಂತ ತಿಳಿದವರು ಹೇಳುತ್ತಾರೆ. ನಾನು ಅದನ್ನೇ ಅಮ್ಮನಿಗೆ ಹೇಳಿದೆ. ಅವರು ಒಪ್ಪಲಿಲ್ಲ. "ಅಲಮೇಲಮ್ಮ ಸುಮ್ನೆ ಶಾಪ ಹಾಕಿದ್ಳಾ? ರಂಗನಾಯಕಿಗೆ ತೊಡಿಸ್ತಿದ್ದ ಒಡವೆ ಕೊಡು ಅಂತ ಹಿಂದೆ ಬಿದ್ದರೆ ಯಾವ ಹೆಂಗಸು ತಾನೇ ಸುಮ್ನಿರ್ತಾಳೆ?" ಅಲಮೇಲಮ್ಮ ಅಂದ್ರೆ ಶ್ರೀರಂಗಪಟ್ಟಣ ಆಳುತ್ತಿದ್ದ ತಿರುಮಲರಾಜನ ಹೆಂಡತಿ; ಒಡವೆಗಾಗಿ ಮೈಸೂರಿನ ರಾಜ ಒಡೆಯರ ಕಡೆಯವರು ಬೆನ್ನು ಹತ್ತಿದಾಗ, ತಲಕಾಡು ಮರಳಾಗಲಿ, ಮಾಲಂಗಿ ಮಡುವಾಗಲಿ, ಮೈಸೂರು ದೊರೆಗಳಿಗೆ ಮಕ್ಕಳಾಗದಿರಲಿ ಅಂದು ಮಾಲಂಗಿ ಹತ್ತಿರ ಹೊಳೆಗೆ ಹಾರಿದವಳು. ಶಾಪ ಹಾಕಿದವಳಿಗೇ ಅರಮನೆಯಲ್ಲಿ ಪೂಜೆ ನಡೆಯುತ್ತೆ, ಅದು ನನಗೆ ತುಂಬಾ ಇಷ್ಟವಾದ ವಿಷಯ. ಅಣೆಕಟ್ಟೆಯ ಮಾತು ಅಲ್ಲಿಗೇ ಬಿಟ್ಟೆ.

ವಾಪಸ್ ಬರುವ ಮೊದಲು ಅಮ್ಮ ಹೊಳೆಗೆ ಇಳಿದರು. ಪೂಜೆ ಬುಟ್ಟಿಯಲ್ಲಿ ಒಂದು ಡಜನ್ ಹಸಿರು ಬಳೆ ಇತ್ತು. ಪಾರ್ವತಿಗೆ ತಂದದ್ದು ಅಂದುಕೊಂಡಿದ್ದೆ. ಅರಿಶಿನ ಕುಂಕುಮ ಇಟ್ಟು ಅದನ್ನು ನೀರಿಗೆ ಬಿಟ್ಟು, "ತಾಯಿ, ಸಮಾಧಾನ ಮಾಡ್ಕೋ" ಅಂದರು. ಮಾಲಂಗಿ ಯಾವ ಕಡೆ ಅಂತ ಕೇಳಿ, ಆ ಕಡೆ ತಿರುಗಿ ಇನ್ನೊಂದು ಸಲ ಕೈ ಮುಗಿದರು.

ಮನೆಗೆ ಬಂದು ಸೀರೆ ಕೊಡವಿದರೆ ನೆರಿಗೆಯಿಂದ ಒಂದು ಹಿಡಿ ಮರಳು. ನಾನು ಪೊರಕೆ ತಂದೆ. "ತಡಿಯೋ" ಅಂತ ಪೇಪರ್ ಮೇಲೆ ಬಳಿದುಕೊಂಡು ತುಳಸಿ ಕುಂಡಕ್ಕೆ ಹಾಕಿದರು.