ಆಪರೇಷನ್ ಮಾಡಿಸ್ಕೊಂಡ್ರೆ ಗಂಡಸ್ತನ ಹೋಗಲ್ವಾ?

ಹೋಗಲ್ಲ. ಸಂತಾನಹರಣ ಆಪರೇಷನ್ ಗಂಡಸರಿಗೂ ಉಂಟು ಅಂದ ಕೂಡಲೇ ಬರುವ ಪ್ರಶ್ನೆ ಇದು, ಅದೂ "ನಮ್ಮ ಫ್ರೆಂಡ್ ಒಬ್ಬ ಕೇಳ್ತಿದ್ದ" ಅನ್ನೋ ಪೀಠಿಕೆಯ ಜೊತೆ. ಆ ಫ್ರೆಂಡ್ ಯಾರೂಂತ ಎಲ್ಲರಿಗೂ ಗೊತ್ತು ಬಿಡಿ.

ಹೋರಿಗೆ ಬೀಜ ಒಡೆಸಿ ಎತ್ತು ಮಾಡೋದನ್ನು ಕಂಡವರಿಗೆ ಇದೂ ಅದೇ ಅನ್ನಿಸುತ್ತದೆ. ಅಲ್ಲಿ ಬೀಜವೇ ಸಾಯುತ್ತದೆ. ಇಲ್ಲಿ ಬೀಜದ ತಂಟೆಗೇ ಹೋಗುವುದಿಲ್ಲ, ವೀರ್ಯಾಣು ಸಾಗುವ ಎರಡು ನಾಳಗಳನ್ನಷ್ಟೇ ಕತ್ತರಿಸಿ ಕಟ್ಟುತ್ತಾರೆ. ಗಂಡಸ್ತನಕ್ಕೆ ಕಾರಣವಾದ ಹಾರ್ಮೋನು ಟೆಸ್ಟೋಸ್ಟೆರಾನ್ ಆ ನಾಳದಲ್ಲಿ ಹರಿಯುವುದಿಲ್ಲ, ನೇರ ರಕ್ತಕ್ಕೆ ಸೇರುತ್ತದೆ. ಮೀಸೆ, ದನಿ, ಆಸೆ ಎಲ್ಲ ಇದ್ದಲ್ಲೇ ಇರುತ್ತವೆ.

1974ರಲ್ಲಿ ಚೀನಾದ ಡಾ. ಲಿ ಶುನ್‌ಚಿಯಾಂಗ್ ರೂಪಿಸಿದ ವಿಧಾನದಲ್ಲಿ ಚಾಕುವಿನ ಕೊಯ್ತವೂ ಇಲ್ಲ. ಮರಗಟ್ಟಿಸುವ ಇಂಜೆಕ್ಷನ್, ಚರ್ಮದಲ್ಲೊಂದು ಸಣ್ಣ ತೂತು, ಹೊಲಿಗೆ ಇಲ್ಲದೆ ಇಪ್ಪತ್ತು ನಿಮಿಷದ ಕೆಲಸ. ಎರಡು ದಿನ ಬಿಗಿ ಚಡ್ಡಿ ಹಾಕಿಕೊಂಡು ವಿಶ್ರಾಂತಿ, ಒಂದು ವಾರ ಭಾರ ಎತ್ತೋದು, ಸೈಕಲ್ ತುಳಿಯೋದು ಬೇಡ. ಮಾರನೇ ದಿನವೇ ಗೊಬ್ಬರದ ಮೂಟೆ ಹೊತ್ತು ಪೌರುಷ ತೋರಿಸಲು ಹೋದರೆ ಒಳಗೆ ರಕ್ತ ಕಟ್ಟಿ ಊದಿಕೊಳ್ಳುತ್ತದೆ.

ದೊಡ್ಡ ಎಡವಟ್ಟಾಗುವುದು ಆಮೇಲೆ. ನಾಳದ ಮುಂದಿನ ಭಾಗದಲ್ಲಿ ಉಳಿದ ವೀರ್ಯಾಣು ಖಾಲಿಯಾಗಲು 3 ತಿಂಗಳು ಬೇಕು. ಅಲ್ಲಿವರೆಗೆ ಕಾಂಡೋಮ್, ಆಮೇಲೆ ವೀರ್ಯಪರೀಕ್ಷೆ. ವೀರ್ಯಾಣು ಇಲ್ಲ ಅಂತ ರಿಪೋರ್ಟ್ ಬಂದ ಮೇಲಷ್ಟೇ ನಿಶ್ಚಿಂತೆ. ಲ್ಯಾಬಿನಲ್ಲಿ ಡಬ್ಬಿ ಹಿಡಿಯೋಕೆ ನಾಚಿಕೆ ಅಂತ ಪರೀಕ್ಷೆ ತಪ್ಪಿಸಿಕೊಂಡು, ಹೆಂಡತಿ ಬಸುರಾದರೆ ಅವಳ ಮೇಲೆ ಅನುಮಾನ! ಅಪರೂಪಕ್ಕೆ ನಾಳ ತಾನಾಗಿ ಕೂಡಿಕೊಳ್ಳುವುದೂ ಉಂಟು. ಬಾಯಿ ಬಿಡುವ ಮೊದಲು ಪರೀಕ್ಷೆ ಮಾಡಿಸಿ.

1976ರಲ್ಲಿ ತುರ್ತುಪರಿಸ್ಥಿತಿ ಹೊತ್ತಿಗೆ ಬಲವಂತವಾಗಿ ಹಿಡಿದು ಮಾಡಿಸಿದ್ದರ ಭಯ ಇನ್ನೂ ಇದೆ, ಒಪ್ಪೋಣ. ಆದರೆ 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಲೆಕ್ಕ ನೋಡಿ: ಮದುವೆಯಾದ ಹೆಂಗಸರ ಪೈಕಿ ತಾವೇ ಆಪರೇಷನ್ ಮಾಡಿಸಿಕೊಂಡವರು ಶೇ. 37.9, ಗಂಡ ಮಾಡಿಸಿಕೊಂಡದ್ದು ಶೇ. 0.3. "ಅವನು ದುಡಿಯೋನು, ಸುಸ್ತಾದ್ರೆ ಹೆಂಗೆ" ಅನ್ನುವ ಅತ್ತೆಗೆ, ಹೊಟ್ಟೆ ಕೊಯ್ಸಿಕೊಂಡ ಸೊಸೆ ಕಳೆ ಕೀಳೋದು ದುಡಿಮೆಯಲ್ಲವೇನೋ.

ಯಾರೂ ಬಾಯಿಬಿಟ್ಟು ಕೇಳದ ಪ್ರಶ್ನೆ ಒಂದಿದೆ: "ನೋವಾಗುತ್ತಾ? ಹೆದರಿಕೆ ಆಗ್ತಿದೆ." ಇದನ್ನು ಕೇಳಿ ಮಾರಾಯ್ರೆ. ಇಂಜೆಕ್ಷನ್ ಚುಚ್ಚುವಾಗ ಚುರ್ ಅನ್ನುತ್ತದೆ, ನಾಳ ಎಳೆಯುವಾಗ ಕಿಬ್ಬೊಟ್ಟೆಯಲ್ಲಿ ಜಗ್ಗಿದ ಹಾಗಾಗುತ್ತದೆ. ತಡೆಯೋಕೆ ಆಗದಿದ್ದರೆ ಅಲ್ಲೇ ಹೇಳಿ, ಇನ್ನಷ್ಟು ಮದ್ದು ಕೊಡುತ್ತಾರೆ. ಆಮೇಲೆ ಕೆಲವು ದಿನ ಮಂದ ನೋವು. ಕೆಲವೇ ಕೆಲವರಿಗೆ ತಿಂಗಳುಗಟ್ಟಲೆ ಉಳಿಯುತ್ತದೆ, ಅದನ್ನು ಮುಚ್ಚಿಡುವುದಿಲ್ಲ. ಜ್ವರ ಬಂದರೆ, ಊತ ಏರುತ್ತಲೇ ಹೋದರೆ ಆಸ್ಪತ್ರೆಗೆ ನೀವೇ ಹೋಗಿ. ಕೇಳ್ಕೊಂಡು ಬಾ ಅಂತ ಹೆಂಡತಿಯನ್ನು ಕಳಿಸಬೇಡಿ.